ದುಕ್ಲಾ ಘಾಟಿಯ ಅಡ್ಡಗಂಬ

ದುಕ್ಲಾ ಘಾಟಿಯ ಸ್ಲೊವಾಕಿಯಾ ಮಗ್ಗುಲಲ್ಲಿ ವಾಸಿಲ್ ಇಪ್ಪತ್ತೇಳು ವರ್ಷ ಗಡಿಯ ಅಡ್ಡಗಂಬ ಎತ್ತಿ ಇಳಿಸಿದವನು. ಪೋಲೆಂಡಿಗೆ ಹೋಗುವ ಲಾರಿಗಳನ್ನೆಲ್ಲ ಬಿಟ್ಟ. ತಾನು ಮಾತ್ರ ಒಂದು ದಿನವೂ ಆಚೆ ಕಾಲಿಟ್ಟವನಲ್ಲ. "ಇಲ್ಲಿರೋ ಮರಾನೇ ಅಲ್ಲೂ ಇರೋದು, ನೋಡೋಕೇನಿದೆ?" ಎಂದು ಗದರುತ್ತಿದ್ದ. ಗಡಿ ತಪಾಸಣೆ ನಿಂತ ದಿನ ಆ ಕೆಂಪು-ಬಿಳಿ ಕಂಬವನ್ನು ಹೊತ್ತು ತಂದು ಕೊಟ್ಟಿಗೆಗೆ ಸೇರಿಸಿದ.

ಇವತ್ತು ಮೊಮ್ಮಗಳು ಮೆಲಾನಿಯಾಳ ಮದುವೆ. ಹುಡುಗ ಪೋಲೆಂಡಿನವನು, ಲಗ್ನ ಮುಗಿಸಿ ದಿಬ್ಬಣ ಅವನ ಊರಿಗೆ ಹೊರಟಿತ್ತು. ದಿಬ್ಬಣವನ್ನು ಅಡ್ಡಗಟ್ಟಿ ಸಾರಾಯಿ ಸೀಸೆ ಕೀಳುವುದು ಅಲ್ಲಿಯ ಪದ್ಧತಿ. ಊರಿನವರು ಹಗ್ಗ ಹಿಡಿದರೆ, ವಾಸಿಲ್ ಘಾಟಿಯ ನೆತ್ತಿಯಲ್ಲಿ, ಹಳೇ ಗಡಿಯ ಜಾಗದಲ್ಲೇ, ತನ್ನ ಕಂಬವನ್ನೇ ರಸ್ತೆಗೆ ಅಡ್ಡ ಹೂಡಿ ನಿಂತ. ಪಿಟೀಲು, ಹಾರ್ನು, ಕೇಕೆ ತಿರುವು ಹತ್ತಿ ಬಂದಂತೆ ಅವನು ಅಂಗೈ ಮುಂದೆ ಚಾಚಿ ಕಾರು ನಿಲ್ಲಿಸಿದ.

"ಕಾಗದಪತ್ರ ತೆಗೀರಿ" ಎಂದ, ಹಳೇ ಗತ್ತಿನಲ್ಲಿ.

ಮದುಮಗ ನಗುತ್ತ ಸೀಸೆ ಕೊಟ್ಟ. "ಕಾರಲ್ಲಿ ಜಾಗ ಇದೆ ತಾತ, ನೀವೂ ಹತ್ತಿ."

ವಾಸಿಲ್ ಗಾಬರಿಯಿಂದ ಜೇಬು ತಡಕಿದ. "ಕಾಗದಪತ್ರ ತಂದಿಲ್ಲಪ್ಪ."

ಮೆಲಾನಿಯಾ ಕಾರಿನಿಂದ ತಲೆ ಹೊರಹಾಕಿದಳು. "ಇಲ್ಲಿ ತಡೆಯೋಕೆ ನಿಂತಿರೋದು ನೀನೊಬ್ಬನೇ ತಾತ."

ವಾಸಿಲ್ ಕಂಬ ಎತ್ತಿದ. ಮೊದಲು ದಾಟಿದ್ದು ಅವನೇ.