ಗಾರ್ಡಿನ ಮಗಳ ಮಡಿ

ಸೆಪ್ಟೆಂಬರ್ ತಿಂಗಳ ಕೊನೆಯ ಶನಿವಾರ ಬೆಳಿಗ್ಗೆ ಆರೂವರೆಗೆ ಶಹಾಬಾದಿನ ನನ್ನ ಮನೆಗೆ ಬೀಗ ಹಾಕಿದೆ. ಮೈಮೇಲೆ ಚೂಡಿದಾರ, ಕಾಲಲ್ಲಿ ಹೊಸ ಬೂಟು. ಎದುರುಮನೆಯ ಶಾಂತಕ್ಕ ಅಂಗಳದ ಪರ್ಸಿ ಕಲ್ಲು ತೊಳೆಯುತ್ತಿದ್ದವಳು ಪೊರಕೆ ನಿಲ್ಲಿಸಿ ಬೂಟನ್ನೇ ನೋಡಿದಳು. "ಪೊಲೀಸ್ ಭರ್ತಿಗಿ ಹೊಂಟೀರೇನ್ರಿ ಸಿಸ್ಟರ್?" ಎಂದಳು. ಚಿಂಚೋಳಿ ಗುಡ್ಡದಲ್ಲಿ ನಡೆಯಲು ಒಂದು ಗುಂಪು ಹೋಗುತ್ತಿದೆ, ಅವರ ಜೊತೆ ಹೊರಟಿದ್ದೇನೆ ಎಂದೆ. ಅರವತ್ತೊಂದು ವಯಸ್ಸಿಗೆ ಗುಡ್ಡ ಹತ್ತುವ ಚಟ ಎಲ್ಲಿಂದ ಬಂತು ಎಂದು ಅವಳು ಕೇಳಲಿಲ್ಲ. ಕೇಳಿದ್ದರೆ ಸುಳ್ಳು ಹೇಳಬೇಕಾಗುತ್ತಿತ್ತು.

ವಾಡಿಯಲ್ಲಿ ಸೇಡಂ ಕಡೆಯ ಪ್ಯಾಸೆಂಜರಿಗಾಗಿ ಮುಕ್ಕಾಲು ತಾಸು ಕಾದೆ. ಅಷ್ಟರಲ್ಲಿ ಎರಡು ಚಹಾ ಆದವು. ರೈಲಿನಲ್ಲಿ ಕಿಟಕಿಯ ಸೀಟು ಸಿಕ್ಕಿತು. ಚಿತ್ತಾಪುರ ದಾಟುವ ತನಕ ಸಿಮೆಂಟಿನ ಧೂಳು ಹಿಡಿದ ಗಿಡಗಳು, ಆಮೇಲೆ ಮಳೆಯಲ್ಲಿ ತೊಳೆದ ತೊಗರಿ ಹೊಲಗಳು. ಹೆಸರು, ಉದ್ದು ಕಿತ್ತಾಗಿತ್ತು. ಕಾಗಿಣಾ ಕೆಂಪಗೆ ತುಂಬಿ ಹರಿಯುತ್ತಿತ್ತು. ಸೇಡಂನಲ್ಲಿ ಇಳಿದು ಬಸ್ ಸ್ಟ್ಯಾಂಡಿನ ಎದುರು ಚುರುಮುರಿಯ ಸುಸಲಾ, ಮಿರ್ಚಿ ಭಜಿ ತಿಂದು ಚಿಂಚೋಳಿ ಬಸ್ಸು ಹಿಡಿದೆ. ಹೆಂಗಸರಿಗೆ ಬಸ್ಸಿನಲ್ಲಿ ಟಿಕೆಟ್ ದುಡ್ಡಿಲ್ಲ, ಆಧಾರ್ ಕಾರ್ಡ್ ತೋರಿಸಿದರೆ ಸಾಕು. ಒಂದೂವರೆ ತಾಸಿನ ದಾರಿ. ಚಿಂಚೋಳಿ ಹತ್ತಿರವಾದಂತೆ ಕರಿ ಮಣ್ಣು ನಿಧಾನಕ್ಕೆ ಕೆಂಪಾಯಿತು. ಆ ಕೆಂಪು ಕಂಡ ಕೂಡಲೇ ಕಿಟಕಿಯ ಗಾಜು ಪೂರ್ತಿ ಸರಿಸಿದೆ.

ಈಗ ನಿಜ ಹೇಳುತ್ತೇನೆ. ನನ್ನಪ್ಪ ಅರಣ್ಯ ಇಲಾಖೆಯಲ್ಲಿ ಗಾರ್ಡ್ ಆಗಿದ್ದ. ನನಗೆ ಆರು ತುಂಬಿದಾಗ ಅವನನ್ನು ಚಿಂಚೋಳಿಯ ಆಚೆಯ ಕುಂಚಾವರಂ ಗುಡ್ಡಕ್ಕೆ ಹಾಕಿದರು. ಮೂರು ವರ್ಷ ಅಲ್ಲಿದ್ದೆವು. ಹತ್ತಿರದಲ್ಲಿ ಒಂದು ಲಂಬಾಣಿ ತಾಂಡಾ, ಅಲ್ಲಿ ನನ್ನ ವಾರಿಗೆಯ ಸೋಮ್ಲಿ. ತಾಂಡಾದ ಕೆಳಗೆ ಹಳ್ಳದ ಇಳಿಜಾರಿನಲ್ಲಿ ಅವರ ಹಿರಿಯರು ಕೆಂಪು ಕಲ್ಲು ಕಟ್ಟಿ, ಮೆಟ್ಟಿಲು ಮೆಟ್ಟಿಲಾಗಿ ಭತ್ತದ ಮಡಿ ಮಾಡಿದ್ದರು. ಜೋಳದ ಸೀಮೆಯಲ್ಲಿ ಭತ್ತವೆಂದರೆ ಹಬ್ಬದ ಮಾತು. ದೊಡ್ಡವರನ್ನು ನೋಡಿ ನಾವಿಬ್ಬರೂ ಎಲ್ಲಕ್ಕಿಂತ ಕೆಳಗೆ ಒಂದು ಮಡಿ ಕಟ್ಟಿದೆವು. ಒಂದು ಚಾದರ ಹಾಸಿದರೆ ಮುಚ್ಚಿಹೋಗುವಷ್ಟು. ಕಟ್ಟುವಾಗ ಕಲ್ಲು ಜಾರಿ ಸೋಮ್ಲಿಯ ಎಡ ಹುಬ್ಬು ಸೀಳಿತ್ತು.

ನಮ್ಮದು ಇನ್ನೊಂದು ಆಟವಿತ್ತು. ಆ ತಾಂಡಾದ ಹೆಂಗಸರು ಬಹಳ ದಿನದ ಮೇಲೆ ಭೇಟಿಯಾದರೆ ನಗುತ್ತಿರಲಿಲ್ಲ, ಅಳುತ್ತಿದ್ದರು. ಒಬ್ಬರ ಕೊರಳಿಗೆ ಒಬ್ಬರು ಬಿದ್ದು, ರಾಗ ತೆಗೆದು, ನಡುವೆ ಆದದ್ದನ್ನೆಲ್ಲ ಆ ಅಳುವಿನಲ್ಲೇ ಹೇಳುತ್ತಿದ್ದರು. ಯಾರು ಹುಟ್ಟಿದರು, ಯಾರು ಹೋದರು, ಯಾವ ಎಮ್ಮೆ ಈಯಿತು, ಎಲ್ಲ. ಮುಗಿದ ಮೇಲೆ ಕಣ್ಣೊರೆಸಿಕೊಂಡು ಚಹಾಕ್ಕೆ ನೀರಿಡುತ್ತಿದ್ದರು. ನಾನೂ ಸೋಮ್ಲಿಯೂ ಭಾನುವಾರ ಒಂದು ದಿನ ಅಗಲಿ ಸೋಮವಾರ ಶಾಲೆಯ ದಾರಿಯಲ್ಲಿ ಸಿಕ್ಕರೆ ಹಾಗೆಯೇ ಕೊರಳಿಗೆ ಬಿದ್ದು ಅಳುತ್ತಿದ್ದೆವು. ಹೇಳಲು ನನ್ನ ಹತ್ತಿರ ಏನಿರುತ್ತಿತ್ತು? ಮನೆಯಲ್ಲಿ ಸಕ್ಕರೆ ಮುಗಿದಿದೆ ಎಂದು ಹೇಳಿ ಅಳುತ್ತಿದ್ದೆ.

ಅಪ್ಪನಿಗೆ ವರ್ಗವಾದಾಗ ಕಟ್ಟಿಗೆಯ ಲಾರಿಯಲ್ಲಿ ನಸುಕಿಗೇ ಹೊರಟೆವು. ಸೋಮ್ಲಿಗೆ ಹೇಳಲಿಲ್ಲ. ಲಾರಿಯಲ್ಲಿ ನಾನು ರಾಗ ತೆಗೆದೆ. ಅವ್ವ ಬೆನ್ನಿಗೆ ಗುದ್ದಿ, "ಯಾರ್ ಸತ್ತಾರಂತ ಅಳಲಿಕತ್ತಿ? ಸುಮ್ಕ ಕುಂದ್ರು" ಎಂದಳು. ಸುಮ್ಮನಾದೆ. ಆಮೇಲೆ ಮೂವತ್ನಾಲ್ಕು ವರ್ಷ ನರ್ಸ್ ಕೆಲಸ ಮಾಡಿದೆ. ಬೇರೆಯವರು ಅಳುವಾಗ ಕಲ್ಲಿನಂತೆ ನಿಲ್ಲುವುದೇ ನನ್ನ ಕಸುಬು. ಮೂರು ವರ್ಷದ ಹಿಂದೆ ಗಂಡ ತೀರಿಕೊಂಡಾಗಲೂ ಕಣ್ಣಲ್ಲಿ ನೀರು ಬಂತು, ಬಾಯಿಂದ ಸ್ವರ ಹೊರಡಲಿಲ್ಲ. ಅಂದಿನಿಂದ ಸೋಮ್ಲಿಯ ಹಂಬಲ ಹತ್ತಿತು. ನೂರು ಕಿಲೋಮೀಟರಿನ ಆಸುಪಾಸಿನ ಊರು. ಐವತ್ತೆರಡು ವರ್ಷ ಏಕೆ ಹೋಗಲಿಲ್ಲ ಎಂದರೆ ಮೊದಲು ಪುರುಸೊತ್ತಿರಲಿಲ್ಲ, ಆಮೇಲೆ ನಾಚಿಕೆ.

ಗುಡ್ಡದಲ್ಲಿ ಜನರನ್ನು ನಡೆಸಿಕೊಂಡು ಹೋಗುವ ಕಿಶನ್ ಎಂಬವನ ನಂಬರು ಸಿಕ್ಕಿತ್ತು. ಅವನೂ ಅಲ್ಲಿಯ ತಾಂಡಾದವನೇ, ಡಿಗ್ರಿ ಓದಿದವನು, ಮೂವತ್ತು ದಾಟಿದವನು. ಭತ್ತದ ಮಡಿಗಳ ತಾಂಡಾದಲ್ಲಿ ಸೋಮ್ಲಿಬಾಯಿ ಎಂಬವಳು ಇದ್ದಾಳೆಯೇ ಎಂದು ಫೋನಿನಲ್ಲಿ ಕೇಳಿದೆ. ಮಧ್ಯಾಹ್ನದ ಊಟ ಅವಳ ಮನೆಯದೇ ಎಂದ. ಏಕೆ ಕೇಳಿದೆ ಎಂದು ನಾನು ಹೇಳಲಿಲ್ಲ. ನನ್ನದೊಂದು ಹಟವಿತ್ತು. ಸೋಮ್ಲಿ ನನ್ನ ಮುಖ ನೋಡಿಯೇ ಗುರುತು ಹಿಡಿಯಬೇಕು, ಕೊರಳಿಗೆ ಬಿದ್ದು ಅಳಬೇಕು. ನನ್ನನ್ನು ಕಂಡು ಅಳುವಂಥವರು ಈ ಭೂಮಿಯ ಮೇಲೆ ಒಬ್ಬರಾದರೂ ಇದ್ದಾರೆಂದು ನನಗೆ ಗೊತ್ತಾಗಬೇಕಿತ್ತು.

ಶನಿವಾರ ಚಿಂಚೋಳಿಯ ಲಾಡ್ಜಿನಲ್ಲಿ ತಂಗಿದೆವು. ಭಾನುವಾರ ಏಳಕ್ಕೆ ಜೀಪು ಹೊರಟಿತು. ಎಂಟು ಮಂದಿ, ನಾನೊಬ್ಬಳನ್ನು ಬಿಟ್ಟರೆ ಉಳಿದವರೆಲ್ಲ ಕಲಬುರಗಿಯ ಕಾಲೇಜು, ಬ್ಯಾಂಕುಗಳಲ್ಲಿ ಕೆಲಸ ಮಾಡುವ ನಲವತ್ತರೊಳಗಿನವರು. ಕಾಡಿನ ಅಂಚಿನಲ್ಲಿ ಇಳಿದು ನಡೆಯಲು ಶುರುಮಾಡಿದೆವು. ಒಟ್ಟು ಹನ್ನೊಂದು ಕಿಲೋಮೀಟರು. ತೇಗ, ಬೂರುಗ, ನಡುವೆ ಬಿದಿರು. ಹಿಂದಿನ ದಿನದ ಮಳೆಗೆ ಕೆಂಪು ಮಣ್ಣು ಬೂಟಿಗೆ ಮೆತ್ತಿ ಒಂದೊಂದು ಕಾಲೂ ಎರಡು ಸೇರು ಭಾರವಾಯಿತು. ಬ್ಯಾಂಕಿನ ಹುಡುಗಿಯೊಬ್ಬಳು ಮೇಲಿಂದ ಮೇಲೆ ನನ್ನ ಕೈ ಹಿಡಿಯಲು ಬರುತ್ತಿದ್ದಳು. ನಿನಗಿಂತ ಮೊದಲೇ ಈ ಗುಡ್ಡ ನನಗೆ ಗೊತ್ತು ಎನ್ನಲು ಬಾಯಿಗೆ ಬಂದದ್ದನ್ನು ನುಂಗಿದೆ. ನಿಜ ಹೇಳಬೇಕೆಂದರೆ ನನಗೂ ಏನೂ ಗುರುತು ಸಿಗಲಿಲ್ಲ. ಅಪ್ಪನ ಕ್ವಾರ್ಟರ್ಸ್ ಇದ್ದ ಜಾಗದಲ್ಲಿ ಸೀತಾಫಲದ ಪೊದೆ ಬೆಳೆದಿತ್ತು. ಅದರ ಎದುರು ಐದು ನಿಮಿಷ ನಿಂತೆ. ಕಿಶನ್ ನನಗೆ ದಣಿವಾಯಿತೆಂದು ನೀರಿನ ಬಾಟಲಿ ಕೊಟ್ಟ.

ಮೊದಲ ತಾಂಡಾದಲ್ಲಿ ನಾಲ್ವರು ಹೆಂಗಸರು ಕನ್ನಡಿ ಹೊಲಿದ ಲಂಗ, ಕುಪ್ಪಸ ತೊಟ್ಟು ನಮಗಾಗಿ ಕುಣಿದರು. ಚೆನ್ನಾಗಿ ಕುಣಿದರು. ಎಲ್ಲರೂ ಫೋಟೋ ತೆಗೆದುಕೊಂಡರು. ಕುಣಿತ ಮುಗಿದ ಕೂಡಲೇ ಅವರು ಒಳಗೆ ಹೋಗಿ ಮಾಮೂಲಿ ಸೀರೆ ಉಟ್ಟು ಬಂದು ಹತ್ತಿಯ ಹೊಲಕ್ಕೆ ಹೊರಟರು. ನನ್ನ ತಲೆಯಲ್ಲಿ ಬೇರೆ ಲೆಕ್ಕ ಓಡುತ್ತಿತ್ತು. ಕುಣಿತವನ್ನು ಹೇಳಿ ಮಾಡಿಸಬಹುದು, ಅಳುವನ್ನು ಹಾಗೆ ಮಾಡಿಸಲಾಗದು.

ಒಂದು ಗಂಟೆಯ ಹೊತ್ತಿಗೆ ಗುಡ್ಡದ ನೆತ್ತಿಯಿಂದ ಸೋಮ್ಲಿಯ ತಾಂಡಾಕ್ಕೆ ಇಳಿದೆವು. ಹಂಚು, ತಗಡು, ಒಂದೆರಡು ಆರ್‌ಸಿಸಿ ಮನೆ. ಕೆಳಗೆ ಹಳ್ಳದವರೆಗೂ ಮಡಿಗಳು ಒಂದರ ಕೆಳಗೊಂದು, ಭತ್ತ ಹಾಲು ತುಂಬುವ ಹೊತ್ತು, ಕಣ್ಣು ತಣ್ಣಗಾಗುವ ಹಸಿರು. ತಟ್ಟಿಯ ನೆರಳಲ್ಲಿ ಒಬ್ಬ ದಪ್ಪ ಹೆಂಗಸು ರೊಟ್ಟಿ ಬಡಿಯುತ್ತಿದ್ದಳು. ನೈಲಾನ್ ಸೀರೆ, ತೋಳಿನಲ್ಲಿ ಮುತ್ತೈದೆಯರು ಹಾಕುವ ಬಿಳಿ ಬಳೆಗಳಿಲ್ಲ. ಗಂಡ ಹೋಗಿದ್ದಾನೆ ಎಂದುಕೊಂಡೆ. ತಲೆ ಎತ್ತಿದಾಗ ಎಡ ಹುಬ್ಬಿನ ಸೀಳು ಕಂಡಿತು.

ಎಲ್ಲರ ಹಿಂದೆ ನಿಂತು, ನನ್ನ ಸರದಿ ಬಂದಾಗ ಕೈ ಮುಗಿದೆ. ಶಹಾಬಾದಿನಿಂದ ಬಂದಿದ್ದೇನೆ, ನರ್ಸ್ ಆಗಿದ್ದೆ ಎಂದಷ್ಟೇ ಹೇಳಿದೆ. ಹೆಸರು ಹೇಳಲಿಲ್ಲ. ಅವಳು ನನ್ನನ್ನು ದಿಟ್ಟಿಸಿ ನೋಡಿದಳು, ಬಹಳ ಹೊತ್ತು ನೋಡಿದಳು. ಆಮೇಲೆ, "ಕುಂದ್ರಿ ಮೇಡಮ್ಮೋರೆ, ಬಿಸಿ ರೊಟ್ಟಿ ಹಾಕ್ತೀನಿ" ಎಂದು ಹಂಚಿನ ಕಡೆ ತಿರುಗಿದಳು.

ಮೇಡಮ್ಮೋರೆ! ಆ ಊಟದ ರುಚಿ ಏನೆಂದು ಕೇಳಿದರೆ ನಾನು ಹೇಳಲಾರೆ. ಜೋಳದ ರೊಟ್ಟಿ, ಪುಂಡಿಪಲ್ಯ, ಶೇಂಗಾ ಹಿಂಡಿ, ಕೊನೆಗೆ ಅಲ್ಲಿಯದೇ ಕೆಂಪಕ್ಕಿಯ ಅನ್ನ, ಮಜ್ಜಿಗೆ. ಉಳಿದವರೆಲ್ಲ ಬೆರಳು ಚೀಪಿದರು. ನನ್ನ ತಾಟಿಗೆ ಅವಳು ಒಂದು ಚೂರು ಬೆಲ್ಲ ಹೆಚ್ಚಿಗೆ ಇಟ್ಟಳು. ವಯಸ್ಸಾದವಳೆಂದು ಕನಿಕರ ತೋರಿಸಿದಳು ಎಂದುಕೊಂಡೆ. ಪ್ರತಿ ಸಲ ಅವಳು ಹತ್ತಿರ ಬಂದಾಗ ಕತ್ತು ಚಾಚಿ ಕಾದೆ. ಅವಳು ನೀಡುವುದನ್ನು ನೀಡಿ ಸರಿಯುತ್ತಿದ್ದಳು. ಹೊರಡುವಾಗಲೂ ಕಾದೆ. ಅವಳು ಬಾಗಿಲ ಚೌಕಟ್ಟಿಗೆ ಒರಗಿ ನಿಂತು ನೋಡಿದಳೇ ಹೊರತು ಒಂದು ಹೆಜ್ಜೆ ಮುಂದೆ ಬರಲಿಲ್ಲ. ಐವತ್ತೆರಡು ವರ್ಷದ ಹಂಬಲ ಒಂದೂವರೆ ತಾಸಿನಲ್ಲಿ ಊಟ ಮಾಡಿ ಕೈ ತೊಳೆದುಕೊಂಡಿತು.

ಮಡಿಗಳ ಏರಿಯ ಮೇಲೆ ಹೆಜ್ಜೆ ನೋಡಿಕೊಂಡು ಇಳಿದೆವು. ಕೆಳಗೆ ರಸ್ತೆಯಲ್ಲಿ ಜೀಪು ನಿಂತಿತ್ತು. ಕಿಶನ್ ಒಂದೊಂದು ಮಡಿಯ ಹೆಸರು ಹೇಳುತ್ತ ನಡೆದ. ಇದು ಎತ್ತಿನ ಮಡಿ, ಇದು ನಾಯಕನ ಮಡಿ, ಇದು ಬಸುರಿ ಮಡಿ. ಎಲ್ಲಕ್ಕಿಂತ ಕೆಳಗೆ ಒಂದು ಚಾದರದಷ್ಟು ಜಾಗದಲ್ಲಿ ಭತ್ತ ತಲೆದೂಗುತ್ತಿತ್ತು. ಸುತ್ತಲಿನ ಕಲ್ಲು ಹೊಸದಾಗಿ ಸರಿಪಡಿಸಿದ ಹಾಗಿತ್ತು. ಇಷ್ಟು ಸಣ್ಣದೇಕೆ ಎಂದು ಬ್ಯಾಂಕಿನ ಹುಡುಗಿ ಕೇಳಿದಳು.

"ಇದು ಗಾರ್ಡಿನ ಮಗಳ ಮಡಿ ರೀ. ಯಾಕ್ ಹಂಗಂತಾರ ನಮಗೂ ಗೊತ್ತಿಲ್ಲ. ಎರಡು ಮುಷ್ಟಿ ಭತ್ತ ಬರಲ್ಲ, ಬಿಡವ್ವಾ ಅಂದ್ರೂ ಸೋಮ್ಲಿ ಯಾಡಿ, ಅಂದ್ರ ಸೋಮ್ಲಿ ಅವ್ವ, ಕೇಳಲ್ಲ. ವರ್ಷಾ ನಾಟಿ ಮಾಡ್ತಾಳ."

ನಾನು ಏರಿಯ ಮೇಲೆಯೇ ಕುಳಿತೆ. ಕಾಲು ಉಳುಕಿತೇನೋ ಎಂದು ಕಿಶನ್ ಓಡಿ ಬಂದ. ಗಾರ್ಡಿನ ಮಗಳು ನಾನೇ ಎಂದೆ. ಗುರುತು ಸಿಕ್ಕಿದ್ದರೆ ಅವಳು ಏಕೆ ಅಳಲಿಲ್ಲ, ನಿಮ್ಮಲ್ಲಿ ಅಳುವ ಪದ್ಧತಿ ಈಗ ಬಿಟ್ಟುಹೋಗಿದೆಯೇ ಎಂದು ಕೇಳಿದೆ.

"ನೀವು ಅತ್ರೇನ್ರಿ ಅಕ್ಕೋರೆ?" ಎಂದ. "ನಮ್ಮ ತಾಂಡಾದಾಗ ಬಂದಾಕಿ ಮೊದಲು ಅಳಬೇಕ್ರಿ. ಮನ್ಯಾಗಿದ್ದಾಕಿ ಮೊದಲು ಅತ್ರ, ಇಷ್ಟ ದಿನ ಯಾಕ್ ಬರಲಿಲ್ಲ ಅಂತ ಬಂದಾಕಿನ್ನ ದೂರಿದಂಗ ಆಗ್ತದ. ಅದಕ್ಕ ಆಕಿ ತಡೀತಾಳ. ಭಾಳ ಕಷ್ಟ ಅದು."

ಮೂರು ವರ್ಷ ಆ ಆಟ ಆಡಿದ್ದೆ, ಈ ಒಂದು ನಿಯಮ ಮಾತ್ರ ನನಗೆ ತಿಳಿದಿರಲಿಲ್ಲ. ಸೋಮವಾರ ಶಾಲೆಯ ದಾರಿಯಲ್ಲಿ ಇಬ್ಬರೂ ಬಂದವರೇ. ಮನೆಯಲ್ಲಿ ಕುಳಿತು ಕಾದವರು ಯಾರೂ ಇರಲಿಲ್ಲ. ಇಲ್ಲಿ ನಾನು ಒಂದೂವರೆ ತಾಸು ಅವಳ ಅಳುವಿಗೆ ಕತ್ತು ಚಾಚಿ ಕುಳಿತಿದ್ದೆ, ಅವಳು ನನ್ನದಕ್ಕೆ ಕಾದಿದ್ದಳು. ಗಾಡಿ ಎಲ್ಲಿಗೂ ಹೋಗುವುದಿಲ್ಲ, ಹೋಗಿ ಬನ್ನಿ ಎಂದು ಕಿಶನ್ ಹೇಳುವ ಮೊದಲೇ ನಾನು ಎದ್ದಿದ್ದೆ.

ಇಳಿದ ಮಡಿಗಳನ್ನೆಲ್ಲ ಮತ್ತೆ ಹತ್ತಿದೆ. ಎಲ್ಲಕ್ಕಿಂತ ಮೇಲಿನ ಮಡಿಗೆ ನೀರು ಬರುವ ಒರತೆಯ ಹತ್ತಿರ ಕಲ್ಲಿನ ಮೇಲೆ ಸೋಮ್ಲಿ ಕುಳಿತಿದ್ದಳು, ಪಕ್ಕದಲ್ಲಿ ಖಾಲಿ ಕೊಡ. ನನ್ನನ್ನು ನೋಡಿ ಎದ್ದು ನಿಂತಳು, ಆದರೆ ಬಾಯಿ ತೆರೆಯಲಿಲ್ಲ. ನಾನು ಅವಳ ಕೊರಳಿಗೆ ಕೈ ಹಾಕಿದೆ. ಹೊಗೆಯ ವಾಸನೆ, ಹಿಟ್ಟಿನ ವಾಸನೆ. ಅಳಬೇಕೆಂದು ಬಾಯಿ ತೆರೆದರೆ ಕೆಮ್ಮಿನಂತೆ ಏನೋ ಬಂತು. ಇನ್ನೊಮ್ಮೆ ತೆರೆದೆ. ಆಗ ಎಲ್ಲಿಂದಲೋ ಹಳೆಯ ರಾಗ ಎದ್ದು ಬಂತು, ಅದರ ಜೊತೆ ಹಳೆಯ ಮಾತೇ ಬಂತು.

"ಮನ್ಯಾಗ ಸಕ್ರಿ ಮುಗದಾದ ಸೋಮ್ಲಿ."

ಅಷ್ಟಕ್ಕೇ ಕಾದಿದ್ದವಳಂತೆ ಅವಳು ಗಟ್ಟಿಯಾಗಿ ಅತ್ತಳು. ನಾನು ಅಪ್ಪ ಹೋದದ್ದು, ಅವ್ವ ಹೋದದ್ದು, ಗಂಡನಿಗೆ ಕೊನೆಯ ರಾತ್ರಿ ನೀರು ಕೇಳಲೂ ಆಗದೆ ನನ್ನ ಸೆರಗು ಹಿಡಿದದ್ದು, ಎಲ್ಲ ಹೇಳಿದೆ. ಮೂರು ವರ್ಷ ಎದೆಯಲ್ಲಿ ಕಟ್ಟಿಕೊಂಡದ್ದು ಹಳ್ಳಕ್ಕೆ ಕೇಳುವಂತೆ ಹೊರಬಿತ್ತು. ಅವಳು ತನ್ನ ಭಾಷೆಯಲ್ಲಿ ಹೇಳಿದ್ದರಲ್ಲಿ ಅರ್ಧ ನನಗೆ ತಿಳಿಯಲಿಲ್ಲ. ಸತ್ತ ಮಗಳೊಬ್ಬಳಿದ್ದಳು ಎಂಬುದು ತಿಳಿಯಿತು. ಕೆಳಗೆ ಏಳು ಮಂದಿ ನಿಂತು ನೋಡುತ್ತಿದ್ದರು. ಫೋಟೋ ತೆಗೆದರೋ ಇಲ್ಲವೋ ನಾನು ವಿಚಾರಿಸಲಿಲ್ಲ.

ಅಳು ಮುಗಿದ ಮೇಲೆ ಅವಳು ತನ್ನ ಸೆರಗಿನಿಂದ ಮೊದಲು ನನ್ನ ಮುಖ ಒರೆಸಿ, ಆಮೇಲೆ ತನ್ನದನ್ನು ಒರೆಸಿಕೊಂಡಳು. ಯಾವಾಗ ಗುರುತು ಹಿಡಿದೆ ಎಂದು ಕೇಳಿದೆ. ನಾನು ಗುಡ್ಡ ಇಳಿಯುವಾಗಲೇ ಅಂತೆ. ಈಗಲೂ ನೀನು ಇಳಿಜಾರಿನಲ್ಲಿ ಏಡಿಯ ಹಾಗೆ ಅಡ್ಡ ಕಾಲು ಹಾಕುತ್ತೀ ಎಂದಳು.

"ಊರಿಗಿ ಬಂದಾಕಿ ನೀರಿಗಿ ಬರ್ದ ಇರ್ತಾಳೇನು ಅಂತ ಇಲ್ಲೇ ಬಂದು ಕುಂತಿದ್ದೆ. ಬರಲಿಲ್ಲಂದ್ರ ಏನ್ ಮಾಡ್ಬೇಕಂತ ತಿಳೀಲಿಲ್ಲ ಪದ್ದಿ."

ಪದ್ದಿ ಎಂದು ನನ್ನನ್ನು ಕರೆಯುವವರು ಈಗ ಅವಳನ್ನು ಬಿಟ್ಟರೆ ಯಾರೂ ಉಳಿದಿಲ್ಲ. ಅವಳು ದಸರಾ ಆದ ಮೇಲೆ, ಪುಣೆಗೆ ಕಟ್ಟಡದ ಕೆಲಸಕ್ಕೆ ಹೋಗುವ ಮಗ ಸೊಸೆಯ ಜೊತೆ, ಮೊಮ್ಮಕ್ಕಳನ್ನು ನೋಡಿಕೊಳ್ಳಲು ಹೋಗುವವಳಿದ್ದಳು. ಹೋಳಿ ಹಬ್ಬಕ್ಕೆ ತಿರುಗಿ ಬರುವಾಗ ವಾಡಿಯಲ್ಲಿ ಇಳಿದು ಶಹಾಬಾದಿಗೆ ಬರುತ್ತೇನೆ ಎಂದಳು. ಒಂದು ಸೇರು ಕೆಂಪಕ್ಕಿ ಕಟ್ಟಿಕೊಟ್ಟಳು. ಜೀಪು ತಿರುವಿಗೆ ಬಂದಾಗ ಹಿಂದೆ ನೋಡಿದೆ. ಮಡಿಗಳ ತುದಿಯಲ್ಲಿ ಅವಳು ಕೊಡ ತುಂಬುತ್ತಿದ್ದಳು.

ಅಂದು ಸಂಜೆಯೇ ಸೇಡಂಗೆ ಬಂದು ರೈಲು ಹತ್ತಿದೆ. ನನ್ನ ಕಣ್ಣು ಬಾತಿದ್ದವು, ಗಂಟಲು ಬಿದ್ದಿತ್ತು. ಎದುರು ಸೀಟಿನಲ್ಲಿ ನಾಲವಾರದ ಕಡೆಯ ಹೆಂಗಸೊಬ್ಬಳು ಚಿತ್ತಾಪುರದ ತನಕ ನನ್ನನ್ನೇ ನೋಡಿ, ತಡೆಯಲಾರದೆ, ಯಾರು ಹೋದರು ಎಂದು ಮೆಲ್ಲಗೆ ಕೇಳಿದಳು.

"ಯಾರೂ ಹೋಗಿಲ್ಲವ್ವಾ" ಎಂದೆ. "ಒಬ್ಬಾಕಿ ಸಿಕ್ಕಾಳ."

ಇದನ್ನು ಬರೆಯುವಾಗ ಸೋಮ್ಲಿ ಪುಣೆಯಲ್ಲಿದ್ದಾಳೆ. ಹೋಳಿ ಹಬ್ಬಕ್ಕೆ ಇನ್ನೂ ಎರಡು ತಿಂಗಳಿದೆ. ವಾಡಿ ಕಡೆಯಿಂದ ಆಟೋ ಬಂದ ಸದ್ದಾದರೆ ಬಾಗಿಲಿಗೆ ಹೋಗಿ ನೋಡುತ್ತೇನೆ. ಆ ದಿನ ಬರುವವಳು ಅವಳು, ಮನೆಯಲ್ಲಿರುವವಳು ನಾನು. ಅವಳು ಬಾಯಿ ತೆರೆಯುವ ತನಕ ನಾನು ತಡೆಯಬೇಕು. ಅಷ್ಟು ನನ್ನಿಂದ ಆದೀತು ಎಂದು ಅನ್ನಿಸುವುದಿಲ್ಲ.