ಡ್ರೈವರನ ಕೊನೆಯ ಸಾಲು

ಹದಿನೆಂಟು ವರ್ಷ ದೋಹಾದಲ್ಲಿ ಕಾರು ಓಡಿಸಿದ್ದೇನೆ. ಒಂದು ದಿನವೂ ಗಿರಾಕಿಯನ್ನು ಕಾಯಿಸಿದವನಲ್ಲ. ಕಾಯಿಸಿದ್ದು ಒಬ್ಬರನ್ನೇ.

ಅವರು ಫಿನ್ಲೆಂಡಿನ ಸಿನಿಮಾ ನಟರು. ವಯಸ್ಸಾದ ಮೇಲೆ ದೋಹಾ ಪಕ್ಕದ ಅಲ್ ವುಕೈರ್‌ನಲ್ಲಿ ಟೀಚರಾಗಿದ್ದ ಮಗಳ ಮನೆಗೆ ಬಂದಿದ್ದರು. ಸಂಜೆ ಅವರನ್ನು ತಿರುಗಾಡಿಸಿಕೊಂಡು ಬರುವುದು ನನ್ನ ಡ್ಯೂಟಿ.

ಅಲ್ ಮನ್ಸೂರಾದ ಚಾಯ್ ಅಂಗಡಿಯ ಮುಂದೆ ಹಾರ್ನ್ ಹೊಡೆದರೆ ಕಾರಿನ ಕಿಟಕಿಗೇ ಕರಕ್ ಚಹಾ ಬರುತ್ತದೆ. ಅದನ್ನು ಕುಡಿಯುತ್ತ ತಮ್ಮ ಕಥೆ ಹೇಳುತ್ತಿದ್ದರು. ಶುರುವಿನಲ್ಲಿ ಸಿಕ್ಕಿದ್ದೆಲ್ಲ ಮರ ಕಡಿಯುವವನು, ದೋಣಿಯವನು, ಸಿಪಾಯಿ. ಬಾಯೇ ಇಲ್ಲದ ಪಾತ್ರಗಳು. ಹತ್ತು ವರ್ಷ ಹಿಮದಲ್ಲಿ ಸುಮ್ಮನೆ ನಿಂತು ಸಿಟ್ಟು ಬಂದು, ತಮ್ಮ ಮಾತು ತಾವೇ ಬರೆದುಕೊಂಡರಂತೆ. ಹಾಗೆ ಚಿತ್ರಕಥೆಗಾರರಾದರು, ಹೆಸರು ಬಂತು. ಮುದುಕನಾದ ಮೇಲೆ ಫೋನ್ ಬರುವುದು ನಿಂತಿತು ಎಂದು ನಕ್ಕರು. ಈಗ ಕೊನೆಯದೊಂದು ಬರೆಯುತ್ತಿದ್ದೇನೆ, ದೋಹಾದ ಡ್ರೈವರನ ಕಥೆ, ನೀನು ಓದಿ ಹೇಳದೆ ಅದು ಮುಗಿಯುವುದಿಲ್ಲ ಎಂದು ಇಂಗ್ಲಿಷಿನ ಹಾಳೆಗಳನ್ನು ಕೈಗಿತ್ತರು.

ನಾನು ಐದನೇ ಕ್ಲಾಸಿಗೆ ಶಾಲೆ ಬಿಟ್ಟವನು. ಕನ್ನಡ ಪೇಪರನ್ನು ಬಿಡದೆ ಓದುತ್ತೇನೆ. ಇಂಗ್ಲಿಷ್ ಮಾತಾಡುತ್ತೇನೆ, ಓದುವುದು ರಸ್ತೆಯ ಬೋರ್ಡಿನಾಚೆ ಹೋಗುವುದಿಲ್ಲ. ಅದನ್ನು ಹೇಳಲು ನಾಲಿಗೆ ಏಳಲಿಲ್ಲ. ರೂಮಿನಲ್ಲಿ ಜೊತೆಗಿದ್ದವರಲ್ಲಿ ಯಾರಿಂದಲಾದರೂ ಓದಿಸಬಹುದಿತ್ತು. ಆದರೆ ಹೊಸಬರಿಗೆಲ್ಲ ಬುದ್ಧಿ ಹೇಳುವ ಹಿರಿಯ ನಾನು. ಯಾರ ಮುಂದೆ ಹಿಡಿಯಲಿ?

ಮೂರನೇ ದಿನ ಕೇಳಿದರು. “ವೆರಿ ಗುಡ್, ಸರ್” ಎಂದೆ. ವಾರ ವಾರ ಹಾಳೆಗಳು ಬಂದವು. ವಾರ ವಾರ ವೆರಿ ಗುಡ್.

ಆಮೇಲೆ ಅವರ ಆರೋಗ್ಯ ಕೆಟ್ಟಿತು. ಮಗಳು ಊರಿಗೆ ಕರೆದುಕೊಂಡು ಹೊರಟರು. ಏರ್‌ಪೋರ್ಟಿನಲ್ಲಿ ವೀಲ್‌ಚೇರಿನಿಂದ ನನ್ನ ಕೈ ಹಿಡಿದು, ಕೊನೆಯ ಪುಟ ನೋಡಿದೆಯಾ ಎಂದರು.

“ವೆರಿ ಗುಡ್, ಸರ್.”

ಸ್ವಲ್ಪ ಹೊತ್ತು ನನ್ನ ಮುಖ ನೋಡಿದರು. ಇನ್ನೂ ಏನೋ ಬರುತ್ತದೆ ಎಂಬ ಹಾಗೆ. ಆಮೇಲೆ ಕೈ ಬಿಟ್ಟರು.

ಎರಡು ತಿಂಗಳಿಗೆ ಮಗಳ ಫೋನ್ ಬಂತು. ಅಪ್ಪ ಹೋದರು, ಆ ಚಿತ್ರಕಥೆ ಮುಗಿಯಲೇ ಇಲ್ಲ ಎಂದರು.

ಅವತ್ತೇ ಆ ಕೊನೆಯ ಪುಟವನ್ನು ರೂಮಿನಲ್ಲಿದ್ದ ಮಂಗಳೂರು ಕಡೆಯ ಗುಮಾಸ್ತನಿಗೆ ಕೊಟ್ಟು, ಏನಿದೆ ನೋಡು ಎಂದೆ. ಅವನು ಓದಿ ಹೇಳಿದ. ಏರ್‌ಪೋರ್ಟು. ಮುದುಕ ಕಾರಿನಿಂದ ಇಳಿಯುತ್ತಾನೆ. ಕೆಳಗೆ ‘ಡ್ರೈವರ್’ ಎಂದಿದೆ, ಮಾತಿನ ಜಾಗ ಖಾಲಿ. ಪಕ್ಕದಲ್ಲಿ ಪೆನ್ನಿನಲ್ಲಿ ಬರೆದದ್ದು: ಇಲ್ಲಿ ಅವನು ಏನು ಹೇಳುತ್ತಾನೋ ನನಗೆ ಗೊತ್ತಿಲ್ಲ. ನೀನು ಹೇಳು. ಕಾಯುತ್ತೇನೆ.

“ಎಂತ ಮಾರಾಯ್ರೆ, ಇದನ್ನು ನೀವು ಓದ್ಲೇ ಇಲ್ವಾ?”

“ಇಂಗ್ಲಿಷ್ ಓದ್ಲಿಕ್ಕೆ ಬರುದಿಲ್ಲ ನನಗೆ” ಎಂದೆ. ಹದಿನೆಂಟು ವರ್ಷದಲ್ಲಿ ಮೊದಲ ಸಲ.

ಅವನ ಕೈಗೆ ಪೆನ್ನು ಕೊಟ್ಟು, ನಾನು ಈಗ ಹೇಳಿದ್ದನ್ನೇ ಆ ಖಾಲಿ ಜಾಗದಲ್ಲಿ ಇಂಗ್ಲಿಷಿನಲ್ಲಿ ಬರಿ ಎಂದೆ. ಬರೆದು ನನ್ನ ಮುಂದೆ ಹಿಡಿದ. ಸರಿಯಾಗಿ ಬರೆದಿದ್ದಾನೋ ಇಲ್ಲವೋ, ನನಗೆ ಗೊತ್ತಾಗಲಿಲ್ಲ.