ಅಜ್ಜಿ ಗಾಳಿಯಲ್ಲಿ ತಿರುಗಿಸಿದ ಹಿಡಿಕೆ

ಇದನ್ನು ಬೇರೆ ಯಾರಾದರೂ ಹೇಳಿದ್ದರೆ ನಾನು ನಂಬುತ್ತಿರಲಿಲ್ಲ. ಭೌತಶಾಸ್ತ್ರ ಓದಿದವನು ನಾನು. ಕಾಲೇಜಿನಲ್ಲಿ ದೆವ್ವ ಕಂಡೆ ಎಂದವರನ್ನು ಪ್ರಶ್ನೆ ಕೇಳಿ ಕೇಳಿ ಗೋಳು ಹೊಯ್ದುಕೊಂಡಿದ್ದೇನೆ. ಈಗ ನನ್ನ ಸರದಿ.

ಎಂಟು ವರ್ಷದ ಹಿಂದೆ ಅಜ್ಜಿ ಮೈಸೂರಿನಿಂದ ಕತಾರಿಗೆ, ಅಲ್ ವುಕೈರ್‌ನ ನಮ್ಮ ಫ್ಲ್ಯಾಟಿಗೆ ಬಂದಿದ್ದರು. ಅವರ ತಂದೆ ಬ್ರಿಟಿಷರ ಕಾಲದಲ್ಲಿ ನಮ್ಮ ಕಡೆ ಮೂಕಿಚಿತ್ರ ತೆಗೆದ ಮೊದಲಿಗರಲ್ಲೊಬ್ಬರು. ಚಿತ್ರಗಳೆಲ್ಲ ಹಾಳಾಗಿ ಒಂದೇ ಒಂದು ತುಣುಕು ಉಳಿದಿತ್ತು: ಅಜ್ಜಿಯ ತಾಯಿ ಸೊಂಟದ ಮೇಲೆ ಕೊಡ ಇಟ್ಟುಕೊಂಡು ಬಾಗಿಲಿನಿಂದ ಬಾವಿಯವರೆಗೆ ನಡೆಯುವುದು. ಅಜ್ಜಿಗೆ ಎರಡು ತುಂಬುವ ಮೊದಲೇ ಆ ತಾಯಿ ತೀರಿಕೊಂಡಿದ್ದರು. “ಅಮ್ಮ ನಡೆಯೋದನ್ನ ಒಂದ್ಸಲ ನೋಡ್ಬೇಕು ಕಣೋ” ಎನ್ನುತ್ತಿದ್ದರು ಅಜ್ಜಿ. ಅದಕ್ಕೇ ಆ ತುಣುಕನ್ನು ಕಂಪ್ಯೂಟರಿಗೆ ಹಾಕಿಸಿದ್ದೆ.

ಒಂದು ಶುಕ್ರವಾರ ಮಧ್ಯಾಹ್ನ ಅದನ್ನು ಟಿವಿಗೆ ಜೋಡಿಸಿದೆ. ಮುತ್ತಜ್ಜಿ ಕೋಳಿಯ ಹಾಗೆ ಪಟಪಟನೆ ಓಡಿದರು. ಊಟಕ್ಕೆ ಬಂದಿದ್ದ ಪಕ್ಕದ ಮನೆಯ ಹಮೀದ್, ಉಳ್ಳಾಲದವರು, “ಅಜ್ಜೀ, ನಿಮ್ಮ ಅಮ್ಮನಿಗೆ ಕಂಪನಿ ಬಸ್ಸು ತಪ್ಪಿತಾ?” ಎಂದರು. ಅಜ್ಜಿಯೂ ನಕ್ಕರು, ಆದರೆ ಮುಖ ಸಣ್ಣದಾಗಿತ್ತು. ಆಗಿನ ಕ್ಯಾಮೆರಾ ಹಿಡಿಕೆಯನ್ನು ಕೈಯಿಂದ ತಿರುಗಿಸಿ ಓಡಿಸುವಂಥದ್ದು. ತಿರುಗಿಸಿದ ವೇಗ ಗೊತ್ತಾಗದೆ ನಡಿಗೆ ಸರಿಯಾಗದು. ಏನೇನೋ ಲೆಕ್ಕ ಹಾಕಿ ಕಂಪ್ಯೂಟರಿನಲ್ಲಿ ವೇಗ ಬದಲಿಸಿ ನೋಡಿದೆ. ಒಮ್ಮೆ ಓಟ, ಒಮ್ಮೆ ತೂಕಡಿಕೆ.

“ಖಲಾಸ್, ಊಟ ಮಾಡುವ” ಎಂದರು ಹಮೀದ್. ಚಿತ್ರ ನಿಲ್ಲಿಸಿ ಅಡುಗೆಮನೆಗೆ ಹೋದೆ.

ಬಿಸಿಬೇಳೆಬಾತಿನ ಪಾತ್ರೆಯನ್ನು ಎರಡೂ ಕೈಯಲ್ಲಿ ಹಿಡಿದು ಬಂದಾಗ ಅಜ್ಜಿ ಗಾಳಿಯಲ್ಲಿ ಬಲಗೈ ತಿರುಗಿಸುತ್ತಿದ್ದರು. “ಅಪ್ಪ ಖಾಲಿ ಕ್ಯಾಮೆರಾ ಕೊಟ್ಟು ಕಲಿಸಿದ್ರು. ಹೀಗೆ, ಒಂದೇ ಸಮ.”

ಟಿವಿಯಲ್ಲಿ ಅವರ ತಾಯಿ ನಡೆಯುತ್ತಿದ್ದರು. ಓಡುತ್ತಿರಲಿಲ್ಲ, ನಿಧಾನವಾಗಿ, ಸ್ವಲ್ಪ ಠೀವಿಯಿಂದಲೇ ನಡೆಯುತ್ತಿದ್ದರು. ಅಜ್ಜಿ ಕೈ ನಿಲ್ಲಿಸಿದರೆ ತಾಯಿಯೂ ನಿಂತರು. ಅಜ್ಜಿ ಹಿಂದಕ್ಕೆ ತಿರುಗಿಸಿದರೆ ತಾಯಿ ಹಿಮ್ಮುಖವಾಗಿ ಹೆಜ್ಜೆಯಿಟ್ಟು ಬಾಗಿಲಿಗೆ ಮರಳಿದರು.

“ಯಲ್ಲಾ, ಬೇಗ ಅಜ್ಜೀ, ಇನ್ನೊಮ್ಮೆ ಕರೀರಿ ಅಮ್ಮನನ್ನು!” ಹಮೀದ್ ಚಪ್ಪಾಳೆ ತಟ್ಟಿದರು.

ಅಜ್ಜಿ ಏಳೆಂಟು ಸಲ ಕರೆದರು, ಗಟ್ಟಿಯಾಗಿ ನಗುತ್ತಾ. ಕೊನೆಗೆ “ಸಾಕು, ಪಾಪ, ಕಾಲು ನೋಯುತ್ತೆ ಅವಳಿಗೆ” ಎಂದು ಕೈ ಇಳಿಸಿ, ಎರಡು ಸಲ ಬಡಿಸಿಕೊಂಡು ಉಂಡರು.

ಅಜ್ಜಿ ಈಗಿಲ್ಲ. ಮೊನ್ನೆ ಹಮೀದರನ್ನು ಕೇಳಿದರೆ, “ಕಂಪ್ಯೂಟರ್ ಒತ್ತುತ್ತಾ ಇದ್ದದ್ದು ನೀವೇ ಅಲ್ವಾ ಮಾರಾಯ್ರೆ?” ಎಂದರು. ಇರಬಹುದು. ನೆನಪನ್ನು ನಾನು ನಂಬುವವನಲ್ಲ. ಆದರೆ ಅಂದು ಪಾತ್ರೆ ಕೆಳಗಿಡುವುದನ್ನು ಮರೆತು ನಿಂತು, ಎರಡೂ ಹೆಬ್ಬೆರಳು ಸುಟ್ಟುಕೊಂಡಿದ್ದೆ. ಕಲೆ ಇನ್ನೂ ಇದೆ.

ಮನೆಯಲ್ಲಿ ಯಾರೂ ಇಲ್ಲದಾಗ ಆ ತುಣುಕು ಹಾಕಿ ಗಾಳಿಯಲ್ಲಿ ಕೈ ತಿರುಗಿಸುತ್ತೇನೆ. ಮುತ್ತಜ್ಜಿ ನನ್ನನ್ನು ಲೆಕ್ಕಕ್ಕೇ ತೆಗೆದುಕೊಳ್ಳದೆ ಪಟಪಟನೆ ಓಡಿಬಿಡುತ್ತಾರೆ.